ಮೆಟೊಪ್ರೊಲಾಲ್ ಅಂದ್ರೆ ಏನು? ಹಾರ್ಟಿನ ಗುಳಿಗೆಯ ಹೆಸರು ಓದುವುದು ಹೇಗೆ?

ಹೋದ ವರ್ಷ ಅಡಿಕೆ ಒಣಗಿಸುವ ಸಮಯ. ಅಂಗಳದಲ್ಲಿ ಬಗ್ಗಿ ಅಡಿಕೆ ಹರಡುತ್ತಿದ್ದ ಅಪ್ಪ ಎದ್ದು ನಿಂತದ್ದೇ ತಡ, ತಲೆ ತಿರುಗಿ ಜಗಲಿಗೆ ಕೈ ಊರಿ ಕೂತುಬಿಟ್ಟರು. ಬಿಪಿ ಮಿಷನ್ ತಂದು ಕಟ್ಟಿದೆ. ಪಲ್ಸ್ 46 ಅಂತ ತೋರಿಸಿತು. ಮಿಷನ್ನೇ ಹಾಳಾಗಿರಬೇಕು ಅಂತ ನನ್ನ ಕೈಗೆ ಕಟ್ಟಿ ನೋಡಿದೆ, ನನ್ನದು 82. ಮತ್ತೆ ಅವರಿಗೆ ಕಟ್ಟಿದರೆ 47.

ಡಾಕ್ಟರ ಹತ್ತಿರ ಹೋಗುವಾಗ ಮದ್ದಿನ ಡಬ್ಬವನ್ನೇ ಹಿಡಿದುಕೊಂಡು ಹೋದೆವು. ನಮ್ಮಲ್ಲಿ ಮದ್ದಿನ ಡಬ್ಬ ಅಂದ್ರೆ ಹಳೇ ಬಿಸ್ಕೆಟ್ ಡಬ್ಬ. ಡಾಕ್ಟರು ಅದನ್ನು ಮೇಜಿನ ಮೇಲೆ ಸುರಿದು, ಎರಡು ಸ್ಟ್ರಿಪ್ ಎತ್ತಿ ಪಕ್ಕ ಪಕ್ಕ ಇಟ್ಟು, ಮಗುಚಿ ತೋರಿಸಿದರು. ಒಂದು ಮಂಗಳೂರಿನಲ್ಲಿ ಕೊಂಡದ್ದು, ಇನ್ನೊಂದು ನಮ್ಮ ಕಡೆಯ ಅಂಗಡಿಯದ್ದು. ಬಣ್ಣ ಬೇರೆ, ಹೆಸರು ಬೇರೆ, ಕಂಪೆನಿ ಬೇರೆ. ಹಿಂದೆ ಬರೆದದ್ದು ಮಾತ್ರ ಎರಡರಲ್ಲೂ ಒಂದೇ: ಮೆಟೊಪ್ರೊಲಾಲ್ ಸಕ್ಸಿನೇಟ್, ಹೃದಯದ ಬಡಿತ ನಿಧಾನ ಮಾಡುವ ಮದ್ದು. ಮಂಗಳೂರಿನ ಬ್ರಾಂಡ್ ಇಲ್ಲಿ ಸಿಗದ್ದಕ್ಕೆ ಅಂಗಡಿಯವರು ಅದೇ ಮದ್ದನ್ನು ಬೇರೆ ಹೆಸರಿನಲ್ಲಿ ಕೊಟ್ಟಿದ್ದರು. ಡಬ್ಬದಲ್ಲಿ ಹಳೆಯದೂ ಒಂದಷ್ಟು ಉಳಿದಿತ್ತು. ಅಪ್ಪ ದಿನಾ ಎರಡನ್ನೂ ನುಂಗುತ್ತಿದ್ದರು. ಕೇಳಿದರೆ, "ಒಂದು ಬಿಪಿದು, ಒಂದು ಹಾರ್ಟಿದು ಅಂತ ಗ್ರಹಿಸಿದೆ" ಅಂದರು.

ನಾನು ಓದಿದ ಮಗ. ಆ ಸ್ಟ್ರಿಪ್ಪನ್ನು ಒಂದು ದಿನವೂ ಮಗುಚಿ ನೋಡಿರಲಿಲ್ಲ.

ಕಾಸರಗೋಡಿನ ನಮ್ಮಂಥವರಿಗೆ ಈ ತಾಪತ್ರಯ ಸ್ವಲ್ಪ ಜಾಸ್ತಿಯೇ. ಡಾಕ್ಟರು ಕೇರಳ-ಕರ್ನಾಟಕ ಗಡಿಯ ತಲಪಾಡಿಯ ಆಚೆ, ಮೆಡಿಕಲ್ ಶಾಪ್ ಈಚೆ. ಅಲ್ಲಿ ಬರೆಯುವ ಬ್ರಾಂಡ್ ಇಲ್ಲಿ ಇರುತ್ತದೆ ಅಂತ ಇಲ್ಲ. ಆದ್ದರಿಂದ ಒಂದೇ ಒಂದು ಗುಳಿಗೆಯ ಹೆಸರು ಹಿಡಿದುಕೊಂಡು, ಅದನ್ನು ಹೇಗೆ ಓದುವುದು, ಅಂಗಡಿಯಲ್ಲಿ ಹೇಗೆ ಹೇಳುವುದು ಅಂತ ಬರೆಯುತ್ತೇನೆ. ಒಂದು ಗೊತ್ತಾದರೆ ಉಳಿದವನ್ನು ನೀವೇ ಓದಿಕೊಳ್ಳಬಹುದು.

ಮೊದಲು ಸ್ಟ್ರಿಪ್ ಮಗುಚಿ. ಪ್ರತಿ ಗುಳಿಗೆಗೆ ಎರಡು ಹೆಸರು ಉಂಟು. ಒಂದು ಕಂಪೆನಿ ಇಟ್ಟ ಬ್ರಾಂಡ್ ಹೆಸರು, ಮನೆಯಲ್ಲಿ ಕರೆಯುವ ಹೆಸರಿನ ಹಾಗೆ. ಇನ್ನೊಂದು ಜೆನೆರಿಕ್ ಹೆಸರು, ರೇಷನ್ ಕಾರ್ಡಿನಲ್ಲಿ ಇರುವಂಥದ್ದು. ಈ ಎರಡನೆಯ ಹೆಸರನ್ನು ಯಾವ ಕಂಪೆನಿಯೂ ತನ್ನಿಷ್ಟಕ್ಕೆ ಬದಲಾಯಿಸುವ ಹಾಗಿಲ್ಲ. ಇಡೀ ಲೋಕಕ್ಕೆ ಒಂದೇ ಹೆಸರು ಇರಲಿ ಅಂತ ವಿಶ್ವ ಆರೋಗ್ಯ ಸಂಸ್ಥೆ 1950ರಲ್ಲಿ ವ್ಯವಸ್ಥೆ ಮಾಡಿ, 1953ರಲ್ಲಿ ಮೊದಲ ಪಟ್ಟಿ ತಂದಿತು. ನಮ್ಮ ದೇಶದಲ್ಲಿ 2018ರಿಂದ ಜೆನೆರಿಕ್ ಹೆಸರನ್ನು ಬ್ರಾಂಡ್ ಹೆಸರಿಗಿಂತ ದೊಡ್ಡ ಅಕ್ಷರದಲ್ಲಿ ಹಾಕಬೇಕು ಅಂತ ನಿಯಮವೂ ಬಂತು. ಆದರೂ ಕಣ್ಣು ಹೋಗುವುದು ಬ್ರಾಂಡಿನ ಕಡೆಗೇ, ಬಣ್ಣ ಎಲ್ಲ ಅದಕ್ಕೇ ತಾನೇ ಬಳಿದಿರುವುದು.

ಬ್ರಾಂಡ್ ಹೆಸರಿಗೂ ಅರ್ಥ ಇರುವುದುಂಟು. ಮೆಟೊಪ್ರೊಲಾಲನ್ನೇ ಬೀಟಾಲಾಕ್ ಅಂತ ಮಾರುತ್ತಾರೆ, 'ಬೀಟಾ'ಕ್ಕೆ ಬೀಗ ಅನ್ನುವ ಹಾಗೆ. ಅಮೆರಿಕದಲ್ಲಿ ಲೋಪ್ರೆಸರ್, ಅಂದ್ರೆ ಲೋ ಪ್ರೆಶರ್. ಮೂತ್ರ ಹೋಗಿಸುವ ಲ್ಯಾಸಿಕ್ಸ್ ಸುಮಾರು ಆರು ಗಂಟೆ ಕೆಲಸ ಮಾಡುತ್ತದೆ, ಅದರ ಹೆಸರಿನ ಬಾಲದಲ್ಲಿ ಇರುವುದು ಇಂಗ್ಲಿಷಿನ ಸಿಕ್ಸೇ ಅಂತ ಹೇಳುತ್ತಾರೆ. ಮಜಾ ಉಂಟು, ಆದರೆ ಇದನ್ನು ನಂಬಿ ಮದ್ದು ಕೊಳ್ಳಲು ಆಗುವುದಿಲ್ಲ.

ಕೆಲಸಕ್ಕೆ ಬರುವುದು ಜೆನೆರಿಕ್ ಹೆಸರಿನ ಬಾಲ. ಮೆಟೊಪ್ರೊ-ಲಾಲ್. ಅಟೆನೊ-ಲಾಲ್, ಬಿಸೊಪ್ರೊ-ಲಾಲ್, ಪ್ರೊಪ್ರಾನೊ-ಲಾಲ್, ನೆಬಿವೊ-ಲಾಲ್ ಎಲ್ಲ ಒಂದೇ ಮನೆಯವು. ಇವನ್ನು ಬೀಟಾ ಬ್ಲಾಕರ್ ಅನ್ನುತ್ತಾರೆ. ಹೆದರಿದಾಗ, ಓಡಿದಾಗ ನಮ್ಮ ಮೈಯಲ್ಲಿ ಅಡ್ರಿನಲಿನ್ ಹೆಚ್ಚಾಗುತ್ತದೆ. ಅದು ಹೋಗಿ ಹೃದಯದ ಬೀಟಾ ಅನ್ನುವ ಬಾಗಿಲು ತಟ್ಟಿದರೆ ಎದೆ ಡವಡವ. ಈ ಗುಳಿಗೆ ಆ ಬಾಗಿಲಿಗೆ ಅಡ್ಡ ನಿಲ್ಲುತ್ತದೆ. ಹೃದಯ ನಿಧಾನ ಬಡಿಯುತ್ತದೆ, ಅದಕ್ಕೆ ಕಡಿಮೆ ಆಕ್ಸಿಜನ್ ಸಾಕಾಗುತ್ತದೆ, ಬಿಪಿಯೂ ಇಳಿಯುತ್ತದೆ. ಹೃದಯಕ್ಕೆ ರಕ್ತ ಜಾಸ್ತಿ ಕೊಡಲು ಹೆಣಗುವುದಕ್ಕಿಂತ ಅದರ ಕೆಲಸವನ್ನೇ ಕಡಿಮೆ ಮಾಡಿದರೆ ಹೇಗೆ ಅಂತ ಯೋಚಿಸಿದವರು ವಿಜ್ಞಾನಿ ಜೇಮ್ಸ್ ಬ್ಲ್ಯಾಕ್. 1960ರ ದಶಕದಲ್ಲಿ ಅವರು ತಂದದ್ದು ಪ್ರೊಪ್ರಾನೊಲಾಲ್, 1988ರಲ್ಲಿ ನೊಬೆಲ್ ಬಂತು. ಮೆಟೊಪ್ರೊಲಾಲ್ ತಯಾರಾದದ್ದು 1969ರಲ್ಲಿ. ಇದು ಹೆಚ್ಚಾಗಿ ಹೃದಯದ ಬಾಗಿಲನ್ನೇ ಹಿಡಿಯುತ್ತದೆ, ಶ್ವಾಸಕೋಶದ ತಂಟೆಗೆ ಅಷ್ಟಾಗಿ ಹೋಗುವುದಿಲ್ಲ. ಪೂರ್ತಿ ಹೋಗುವುದೇ ಇಲ್ಲ ಅಂತಲ್ಲ. ಹಾಗಾಗಿ ಅಸ್ತಮಾ ಇದ್ದವರು ಡಾಕ್ಟರಿಗೆ ಮೊದಲೇ ಹೇಳಬೇಕು.

ಬೇರೆ ಬಾಲಗಳೂ ಇವೆ. ಪ್ರಿಲ್ (ರಾಮಿಪ್ರಿಲ್, ಎನಲಾಪ್ರಿಲ್) ಮತ್ತು ಸಾರ್ಟಾನ್ (ಟೆಲ್ಮಿಸಾರ್ಟಾನ್, ಲೊಸಾರ್ಟಾನ್) ಬಿಪಿಗೆ, ಹೃದಯದ ಭಾರ ಇಳಿಸಲಿಕ್ಕೆ. ಪ್ರಿಲ್ ತೆಗೆದುಕೊಂಡು ಒಣ ಕೆಮ್ಮು ಬಿಡದಿದ್ದರೆ ಕಷಾಯ ಕುಡಿಯುತ್ತಾ ಕೂರಬೇಡಿ, ಡಾಕ್ಟರಿಗೆ ಹೇಳಿ, ಅದು ಆ ಗುಳಿಗೆಯದ್ದೇ ಕೆಮ್ಮು ಇರಬಹುದು. ಡಿಪಿನ್ (ಆಮ್ಲೊಡಿಪಿನ್) ರಕ್ತನಾಳ ಸಡಿಲ ಮಾಡುತ್ತದೆ, ಕೆಲವರಿಗೆ ಕಾಲು ಊದುತ್ತದೆ. ಸ್ಟಾಟಿನ್ ಕೊಲೆಸ್ಟರಾಲಿಗೆ. ಗ್ರೆಲ್ (ಕ್ಲೊಪಿಡೊಗ್ರೆಲ್) ರಕ್ತ ಗಟ್ಟಿಯಾಗದಂತೆ, ಸ್ಟೆಂಟ್ ಹಾಕಿದವರ ಡಬ್ಬದಲ್ಲಿ ಹೆಚ್ಚಾಗಿ ಇರುತ್ತದೆ. ಇದನ್ನೆಲ್ಲ ಬಾಯಿಪಾಠ ಮಾಡಬೇಕಿಲ್ಲ. ಎರಡು ಸ್ಟ್ರಿಪ್‌ನಲ್ಲಿ ಒಂದೇ ಬಾಲ ಕಂಡರೆ ಕೇಳಬೇಕು, ಅಷ್ಟು ನೆನಪಿದ್ದರೆ ಸಾಕು. ನೀವೇ ಒಂದನ್ನು ಬಿಸಾಡುವುದಲ್ಲ, ಕೇಳುವುದು.

ತಲೆ ನೋಡಿ ಹೋದರೆ ಮೋಸ. ಮೆಟೊಪ್ರೊಲಾಲಿಗೂ ಮೆಟ್‌ಫಾರ್ಮಿನ್‌ಗೂ ತಲೆ ಒಂದೇ, 'ಮೆಟ್'. ಎರಡನೆಯದು ಸಕ್ಕರೆ ಕಾಯಿಲೆಗೆ, ಹಾರ್ಟಿನ ಗುಳಿಗೆ ಅಲ್ಲವೇ ಅಲ್ಲ. ನಮ್ಮ ಅಪ್ಪನಿಗೆ ಎರಡೂ ಉಂಟು. ಪೇಟೆಗೆ ಹೋದವರಿಗೆ ಫೋನ್ ಮಾಡಿ "ಆ ಮೆಟ್ ಗುಳಿಗೆ ಒಂದು ಸ್ಟ್ರಿಪ್ ತಗೊಂಡು ಬಾ" ಅಂದರೆ ಯಾವುದು ಬಂದೀತು ಹೇಳಿ?

ಇನ್ನು ಎರಡನೆಯ ಪದ, ಸಕ್ಸಿನೇಟ್. ಇಲ್ಲಿ ಸ್ವಲ್ಪ ನಿಧಾನ ಮಾಡಿ. ಸ್ಟ್ರಿಪ್ಪಿನ ಎದುರು 50 ಅಂತ ಇರುತ್ತದೆ, ಹಿಂದೆ ಓದಿದರೆ 'ಮೆಟೊಪ್ರೊಲಾಲ್ ಸಕ್ಸಿನೇಟ್ ಐಪಿ 47.5 ಮಿ.ಗ್ರಾಂ., ಮೆಟೊಪ್ರೊಲಾಲ್ ಟಾರ್ಟ್ರೇಟ್ 50 ಮಿ.ಗ್ರಾಂ.ಗೆ ಸಮ' ಅಂತ ಇಂಗ್ಲಿಷಿನಲ್ಲಿ ಇರುತ್ತದೆ. 25ರ ಗುಳಿಗೆಯಾದರೆ 23.75. ಎರಡೂವರೆ ಮಿಲಿಗ್ರಾಂ ನುಂಗಿ ಹಾಕಿದರಾ ಅಂತ ನನಗೂ ಅನಿಸಿತ್ತು. ಹಾಗಲ್ಲ. ಮದ್ದಿನ ಜೊತೆ ಒಂದು ಲವಣ ಅಂಟಿಕೊಂಡಿರುತ್ತದೆ, ಸಕ್ಸಿನೇಟ್, ಟಾರ್ಟ್ರೇಟ್ ಎಲ್ಲ ಆ ಲವಣದ ಹೆಸರು. ಅಡಿಕೆಯನ್ನು ಸಿಪ್ಪೆ ಸಮೇತ ತೂಗಿದ ಹಾಗೆ. ಸಿಪ್ಪೆ ದಪ್ಪ ಇದ್ದರೆ ತೂಕ ಜಾಸ್ತಿ, ತೆಳು ಇದ್ದರೆ ಕಡಿಮೆ, ಸುಲಿದಾಗ ಒಳಗಿನ ಅಡಿಕೆ ಅಷ್ಟೇ. 47.5ರಲ್ಲೂ 50ರಲ್ಲೂ ಒಳಗಿನ ಮೆಟೊಪ್ರೊಲಾಲ್ ಸುಮಾರು 39 ಮಿ.ಗ್ರಾಂ.

ಹಾಗಾದ್ರೆ ಎರಡೂ ಒಂದೇ ಅಲ್ವಾ ಅಂದರೆ, ಅಲ್ಲ. ಟಾರ್ಟ್ರೇಟಿನ ಸಾಮಾನ್ಯ ಗುಳಿಗೆ ಬೇಗ ಕರಗುತ್ತದೆ, ಹೆಚ್ಚಾಗಿ ದಿನಕ್ಕೆ ಎರಡು ಸಲ ಕೊಡುತ್ತಾರೆ. ಸಕ್ಸಿನೇಟನ್ನು ನಿಧಾನಕ್ಕೆ ಬಿಡುವ ಗುಳಿಗೆಯಾಗಿ ಮಾಡಿರುತ್ತಾರೆ, ದಿನಕ್ಕೆ ಒಂದು ಸಲ ಸಾಕು. ಎಕ್ಸ್‌ಎಲ್, ಎಕ್ಸ್‌ಆರ್, ಇಆರ್ ಅಂತ ಹೆಸರಿನ ಕೊನೆಗೆ ಬರುವುದು ಅದಕ್ಕೇ. ಶರ್ಟಿನ ಸೈಜ್ ಅಲ್ಲ. ಆ ಅಕ್ಷರ ಕಂಡರೆ ಗುಳಿಗೆಯನ್ನು ಅರೆಯಬೇಡಿ, ಜಗಿಯಬೇಡಿ. ಅಜ್ಜಿಗೆ ನುಂಗಲು ಕಷ್ಟ ಅಂತ ಚಮಚದಲ್ಲಿ ಪುಡಿ ಮಾಡಿ ಜೇನು ಹಾಕಿ ಕೊಡುವವರನ್ನು ನೋಡಿದ್ದೇನೆ. ಇಡೀ ದಿನಕ್ಕೆ ಅಂತ ಇಟ್ಟದ್ದು ಒಂದೇ ಸಲಕ್ಕೆ ಹೊಟ್ಟೆಗೆ ಬಿಟ್ಟ ಹಾಗಾಗುತ್ತದೆ. ನಡುವೆ ಗೆರೆ ಇದ್ದರೆ ಕೆಲವನ್ನು ಅರ್ಧ ಮಾಡಬಹುದು, ಆದರೆ ಕೇಳಿಯೇ ಮಾಡಿ.

ಮತ್ತೆ ಚಿಲ್ಲರೆ ಅಕ್ಷರಗಳು. ಐಪಿ ಅಂದ್ರೆ ಇಂಡಿಯನ್ ಫಾರ್ಮಕೋಪಿಯ, ನಮ್ಮ ದೇಶದ ಮದ್ದಿನ ಗುಣಮಟ್ಟದ ಪುಸ್ತಕ. ಹೆಸರಿನ ಮೊದಲಿಗೆ 'ಎಸ್' ಇದ್ದರೆ ಹುಷಾರು: ಎಸ್-ಮೆಟೊಪ್ರೊಲಾಲ್ 25 ಅಂದ್ರೆ ಸಾಮಾನ್ಯದ್ದರ 50ಕ್ಕೆ ಸಮ ಅಂತ ಲೆಕ್ಕ, ಸಂಖ್ಯೆ ಒಂದೇ ಅಂತ ಅದಲು ಬದಲು ಮಾಡಬಾರದು. ಬ್ರಾಂಡ್ ಹೆಸರಿನ ಕೊನೆಗೆ 'ಎಎಂ' ಇದ್ದರೆ ಹೆಚ್ಚಾಗಿ ಜೊತೆಗೆ ಆಮ್ಲೊಡಿಪಿನ್ ಸೇರಿದೆ ಅಂತ. ನಮ್ಮ ನೆರೆಯವರೊಬ್ಬರು ಅದನ್ನು ಬೆಳಗ್ಗೆ ತೆಗೆದುಕೊಳ್ಳುವ ಗುಳಿಗೆ ಅಂತಲೇ ಓದಿದ್ದರು, ಎಎಂ, ಪಿಎಂ ಇದ್ದ ಹಾಗೆ! ಪಾಪ, ಅವರದ್ದೇನು ತಪ್ಪು? ಈ ಅಕ್ಷರ ಎಲ್ಲ ಕಂಪೆನಿಗೂ ಒಂದೇ ಅಂತ ಇಲ್ಲ, ಸ್ಟ್ರಿಪ್ಪಿನ ಹಿಂದೆ ಬರೆದದ್ದೇ ಕೊನೆಯ ಮಾತು.

ಅಂಗಡಿಯಲ್ಲಿ ಹೇಳುವುದು ಹೇಗೆ? ಮದ್ದು ಅನ್ನಿ, ತುಳುವಿನಲ್ಲಿ ಮರ್ದ್ ಅನ್ನಿ, ಮಲಯಾಳದಲ್ಲಿ ಮರುನ್ನ್ ಅನ್ನಿ, ಮೆಟೊಪ್ರೊಲಾಲ್ ಮಾತ್ರ ಎಲ್ಲದರಲ್ಲೂ ಮೆಟೊಪ್ರೊಲಾಲೇ. "ಮೆಟೊಪ್ರೊಲಾಲ್ ಸಕ್ಸಿನೇಟ್ ಇಆರ್, ಇಪ್ಪತ್ತೈದು" ಅಂತ ಈ ಕ್ರಮದಲ್ಲಿ ಹೇಳಿ, ಚೀಟಿ ತೋರಿಸಿ. ಅಪ್ಪನ ಬಾಯಲ್ಲಿ ಅದು 'ಮೆಟ್ರೋಪೋಲ್' ಆಗುತ್ತದೆ, ಅದಕ್ಕೇ ಒಂದು ಕಾರ್ಡಿನಲ್ಲಿ ಬರೆದು ಅಂಗಿಯ ಕಿಸೆಗೆ ಹಾಕಿದ್ದೇನೆ. ಬೇರೆ ಬ್ರಾಂಡ್ ಕೊಟ್ಟರೆ ಅಲ್ಲೇ ನಿಂತು ಮಗುಚಿ, ಹೆಸರು, ಲವಣ, ಸಂಖ್ಯೆ, ಇಆರ್, ನಾಲ್ಕೂ ತಾಳೆ ನೋಡಿ. ಜನೌಷಧಿ ಅಂಗಡಿಗೆ ಹೋಗುವವರಿಗಂತೂ ಇದು ಬೇಕೇ ಬೇಕು, ಅಲ್ಲಿ ಇರುವುದೇ ಜೆನೆರಿಕ್. 2020ರ ಮಾರ್ಚ್‌ನಲ್ಲಿ ಕೊರೊನಾ ಅಂತ ತಲಪಾಡಿ ಗಡಿ ಮುಚ್ಚಿದ್ದು ನೆನಪಿದೆಯಲ್ಲಾ? ಮಂಗಳೂರಿನ ಬ್ರಾಂಡ್ ಹೆಸರು ಮಾತ್ರ ಗೊತ್ತಿದ್ದ ನಮ್ಮ ಬೈಲಿನವರು ಖಾಲಿ ಸ್ಟ್ರಿಪ್ಪಿನ ಫೋಟೊ ಹಿಡಿದುಕೊಂಡು ಯಾರ್ಯಾರಿಗೋ ಕಳಿಸುತ್ತಿದ್ದರು.

ಸ್ಟ್ರಿಪ್ ಕತ್ತರಿಸಿ ಕೊಡುವಾಗಲೂ ನೋಡಿ. ಐದು ಗುಳಿಗೆ ಕೇಳಿದರೆ ಹೆಸರು, ತಾರೀಕು ಇಲ್ಲದ ತುಂಡು ಕೈಗೆ ಬರುತ್ತದೆ. ಹೆಸರಿರುವ ತುಂಡೇ ಕೊಡಿ ಅನ್ನಿ. ಮನೆಯಲ್ಲಿಯೂ ಹೆಸರಿಲ್ಲದ ತುದಿಯಿಂದ ಗುಳಿಗೆ ತೆಗೆಯುತ್ತಾ ಬನ್ನಿ. ಕೆಲವು ಬ್ರಾಂಡುಗಳ ಮೇಲೆ 2023ರ ಆಗಸ್ಟ್‌ನಿಂದ ಕ್ಯೂಆರ್ ಕೋಡ್ ಇದೆ, ಮೊಬೈಲಿನಲ್ಲಿ ಹಿಡಿದರೆ ಜೆನೆರಿಕ್ ಹೆಸರು, ತಾರೀಕು ಕಾಣಿಸುತ್ತದೆ.

ನಾವೀಗ ಒಂದು ನೋಟ್‌ಬುಕ್ಕಿನ ಹಾಳೆಯಲ್ಲಿ ಕನ್ನಡದಲ್ಲೇ ಬರೆದು ಡಬ್ಬದ ಮುಚ್ಚಳಕ್ಕೆ ಅಂಟಿಸಿದ್ದೇವೆ. ಮೊದಲು ಜೆನೆರಿಕ್ ಹೆಸರು, ಆಮೇಲೆ ಎಷ್ಟು, ಯಾವಾಗ, ಯಾಕೆ. 'ಮೆಟೊಪ್ರೊಲಾಲ್ ಸಕ್ಸಿನೇಟ್ ಇಆರ್ 25, ಬೆಳಗ್ಗೆ ತಿಂಡಿ ಆದ ಮೇಲೆ ಒಂದು, ಹಾರ್ಟ್ ನಿಧಾನ ಮಾಡಲು.' ಬ್ರಾಂಡ್ ಹೆಸರು ಪೆನ್ಸಿಲಿನಲ್ಲಿ, ಬದಲಾದರೆ ಅಳಿಸಬಹುದು. ಹೊಸ ಬ್ರಾಂಡ್ ಬಂದರೆ ಹಳೆಯದಕ್ಕೆ ಅದನ್ನು ಸೇರಿಸಿ ರಬ್ಬರ್ ಬ್ಯಾಂಡ್ ಹಾಕುತ್ತೇವೆ, ಹಳೆಯದು ಮುಗಿಯದೆ ಹೊಸದು ಒಡೆಯುವಂತಿಲ್ಲ.

ಗುಳಿಗೆಯ ಬಗ್ಗೆಯೂ ಎರಡು ಮಾತು. ಹುಷಾರಾಗಿದ್ದೇನೆ ಅಂತ ಇದನ್ನು ತಟ್ಟನೆ ನಿಲ್ಲಿಸಬೇಡಿ. ಹೃದಯ ಒಮ್ಮೆಲೇ ಜೋರಾಗಿ ಬಡಿದು ಎದೆನೋವು, ಹಾರ್ಟ್ ಅಟ್ಯಾಕ್ ಕೂಡ ಆಗಬಹುದು. ನಿಲ್ಲಿಸುವುದಿದ್ದರೆ ಡಾಕ್ಟರೇ ಮೆಲ್ಲ ಮೆಲ್ಲ ಇಳಿಸುತ್ತಾರೆ. ಒಂದು ಹೊತ್ತು ಮರೆತರೆ ನೆನಪಾದಾಗ ತೆಗೆದುಕೊಳ್ಳಿ, ಮುಂದಿನದ್ದರ ಹೊತ್ತು ಹತ್ತಿರ ಬಂದಿದ್ದರೆ ಬಿಟ್ಟುಬಿಡಿ, ಎರಡು ಒಟ್ಟಿಗೆ ಬೇಡ. ಸಕ್ಕರೆ ಕಾಯಿಲೆಯವರಿಗೆ ಶುಗರ್ ಇಳಿದಾಗ ಎದೆ ಡವಡವ ಅನ್ನುವ ಸೂಚನೆಯನ್ನು ಈ ಗುಳಿಗೆ ಅಡಗಿಸಿಬಿಡುತ್ತದೆ, ಬೆವರು ಮಾತ್ರ ಬರುತ್ತದೆ, ಅದನ್ನು ಗಮನಿಸಿ. ಪಲ್ಸ್ 50ರ ಕೆಳಗೆ ಇಳಿದರೆ, ತಲೆ ತಿರುಗಿದರೆ, ಉಸಿರು ಕಟ್ಟಿದರೆ ಇಂಥ ಬರಹ ಓದುತ್ತಾ ಕೂರದೆ ಡಾಕ್ಟರ ಹತ್ತಿರ ಹೋಗಿ. ಡಬ್ಬ ಸಮೇತ.

ಅಪ್ಪ ಈಗ ಆರಾಮ, ಒಂದೇ ಗುಳಿಗೆ, ಪಲ್ಸ್ ಅರವತ್ತರ ಆಸುಪಾಸು. ಒಂದೇ ತೊಂದರೆ, ಕಂಡವರ ಸ್ಟ್ರಿಪ್ಪನ್ನೆಲ್ಲ ಮಗುಚಿ ನೋಡುತ್ತಾರೆ. ಮೊನ್ನೆ ಸೋದರಮಾವ ಮನೆಗೆ ಬಂದಿದ್ದರು. ಕೈ ನಡುಗುತ್ತದೆ ಅಂತ ಅವರಿಗೆ ಡಾಕ್ಟರು ಪ್ರೊಪ್ರಾನೊಲಾಲ್ ಕೊಟ್ಟಿದ್ದಾರೆ, ಅದಕ್ಕೂ ಕೊಡುತ್ತಾರೆ, ಮೈಗ್ರೇನಿಗೂ ಕೊಡುತ್ತಾರೆ. ಅಪ್ಪ ಕನ್ನಡಕ ಏರಿಸಿ ಓದಿ, "ಭಾವಾ, ಇದಕ್ಕೂ ಲಾಲ್ ಉಂಟಲ್ಲ, ನಿಮಗೂ ಹಾರ್ಟಾ?" ಅಂದರು. ಮಾವ ಚಹಾ ಕುಡಿಯುವುದನ್ನು ನಿಲ್ಲಿಸಿ ನನ್ನ ಮುಖ ನೋಡಿದರು. ಇಡೀ ಕತೆ ಮೊದಲಿನಿಂದ ಹೇಳಬೇಕಾಯಿತು.