ಸಾಕ್ಷ್ಯಚಿತ್ರಕ್ಕೆ ಹಳೇ ದೃಶ್ಯ ಬೇಕಾ? ಮೊದಲು ಅಟ್ಟ ಹತ್ತಿ

ಮಂಗಳೂರಿನ ಬಂದರಿನ ಬಗ್ಗೆಯೋ ಮಲ್ಪೆಯ ದೋಣಿಗಳ ಬಗ್ಗೆಯೋ ಸಾಕ್ಷ್ಯಚಿತ್ರ ಮಾಡುತ್ತೀರಿ ಅಂದುಕೊಳ್ಳಿ. ನೆನಪು ಹೇಳುವ ಹಿರಿಯರು ಸಿಗುತ್ತಾರೆ. ಆಗಿನ ದೃಶ್ಯ ಎಲ್ಲಿಂದ ತರುವುದು?

ಮೊದಲು ಪಟ್ಟಿ ಮಾಡಿ. ಸುಮ್ನೆ ‘ಹಳೇ ಮಂಗಳೂರು ಬೇಕು’ ಅಂದರೆ ಯಾರಿಗೂ ಹುಡುಕಲು ಆಗುವುದಿಲ್ಲ. ‘1980ರ ದಶಕ, ಧಕ್ಕೆ (ದೋಣಿ ನಿಲ್ಲುವ ಕಟ್ಟೆ), ಮೀನು ಇಳಿಸುವುದು’ ಎಂದು ಬರೆದುಕೊಳ್ಳಿ.

ಹುಡುಕಾಟ ಮನೆಗಳಿಂದಲೇ ಶುರುವಾಗಲಿ. ಗಲ್ಫ್‌ನಿಂದ ರಜೆಗೆ ಬಂದವರ ಕ್ಯಾಮೆರಾದಲ್ಲಿ ಎಷ್ಟೋ ಮದುವೆ, ಭೂತಕೋಲ, ಯಕ್ಷಗಾನದ ಆಟ ಉಳಿದಿವೆ. ಮದುವೆ ಕ್ಯಾಸೆಟ್ ಅಂತ ಮೂಗು ಮುರಿಯಬೇಡಿ. ದಿಬ್ಬಣದ ಬಸ್ಸಿನ ಹಿಂದೆ ಆಗಿನ ರಸ್ತೆ, ಅಂಗಡಿ ಬೋರ್ಡು, ಸಿನಿಮಾ ಪೋಸ್ಟರ್ ಎಲ್ಲಾ ಕಾಣುತ್ತವೆ. ತಾಪತ್ರಯ ಏನೆಂದರೆ, ವಿಡಿಯೊದವರು ಅದರ ಮೇಲೆ ಹಿಂದಿ ಸಿನಿಮಾ ಹಾಡು ಹಾಕಿರುತ್ತಾರೆ. ಆ ಹಾಡಿನ ಹಕ್ಕು ಬೇರೆಯವರದ್ದು. ಅದನ್ನು ತೆಗೆದು ಬೇರೆ ಧ್ವನಿ ಕೂರಿಸಬೇಕು.

ಕ್ಯಾಸೆಟ್ ಸಿಕ್ಕಿತು ಅಂತ ತಕ್ಷಣ ವಿಸಿಆರ್‌ಗೆ ತುರುಕಬೇಡಿ. ಕರಾವಳಿಯ ತೇವಕ್ಕೆ ಟೇಪು ಬೂಷ್ಟು ಹಿಡಿಯುತ್ತದೆ. ಸುರುಳಿಯ ಅಂಚಿನಲ್ಲಿ ಬಿಳಿ ಪುಡಿ ಕಂಡರೆ ಓಡಿಸಬಾರದು. ಟೇಪು ಹರಿಯಬಹುದು, ವಿಸಿಆರ್ ಒಳಗೆ ಟೇಪು ಓದುವ ಹೆಡ್‌ಗೆ ಅಂಟಿದ ಬೂಷ್ಟು ಮುಂದಿನ ಕ್ಯಾಸೆಟ್ಟಿಗೂ ಹೋಗುತ್ತದೆ. ಅಂಥದ್ದನ್ನು ತಿಳಿದವರಿಂದ ಶುಚಿ ಮಾಡಿಸಿ. ಫಿಲ್ಮ್ ರೀಲಾದರೆ ಮೂಸಿ ನೋಡಿ. ವಿನೆಗರ್ ವಾಸನೆ ಬಂದರೆ ಅದು ಹಾಳಾಗಲು ಶುರುವಾಗಿದೆ, ಬೇಗ ಸ್ಕ್ಯಾನ್ ಮಾಡಿಸಬೇಕು. ಇನ್ನೊಂದು ಮಾತು: ಹಳೇ ಟಿವಿಯ 4:3 ಅಳತೆಯ ಚಿತ್ರವನ್ನು ಈಗಿನ ಅಗಲ ಪರದೆ ತುಂಬಲು ಎಳೆಯಬೇಡಿ. ಪಾಪ, ಮದುಮಗಳು ದಪ್ಪ ಕಾಣುತ್ತಾಳೆ.

ಮನೆಗಳಲ್ಲಿ ಸಿಗದ್ದಕ್ಕೆ ಸಂಸ್ಥೆಗಳಿವೆ. ಜಾನಪದ ಕಲೆಗಳ ದಾಖಲೆಗೆ ಉಡುಪಿಯ ಎಂಜಿಎಂ ಕಾಲೇಜಿನಲ್ಲಿರುವ ಜಾನಪದ ರಂಗಕಲೆಗಳ ಕೇಂದ್ರದಲ್ಲಿ ವಿಚಾರಿಸಿ. 1834ರಲ್ಲಿ ಮಂಗಳೂರಿಗೆ ಬಂದ ಸ್ವಿಟ್ಜರ್ಲೆಂಡಿನ ಕ್ರೈಸ್ತ ಸಂಸ್ಥೆ ಬಾಸೆಲ್ ಮಿಷನ್‌ನ ಹಳೇ ಫೋಟೊಗಳನ್ನು ಆನ್‌ಲೈನ್‌ನಲ್ಲೇ ನೋಡಬಹುದು. 1948ರಲ್ಲಿ ಶುರುವಾದ, ಕೇಂದ್ರ ಸರ್ಕಾರದ ಸಾಕ್ಷ್ಯಚಿತ್ರ ಸಂಸ್ಥೆ ಫಿಲ್ಮ್ಸ್ ಡಿವಿಷನ್‌ನ ಚಿತ್ರಗಳಿಗೆ ಈಗ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮವಾದ ಎನ್‌ಎಫ್‌ಡಿಸಿಗೆ ಬರೆಯಬೇಕು. ದರ ಕೇಳುವಾಗ ಎಷ್ಟು ಸೆಕೆಂಡು, ಎಲ್ಲಿ ತೋರಿಸುತ್ತೀರಿ, ಎಷ್ಟು ವರ್ಷಕ್ಕೆ ಎಂಬುದನ್ನು ಹೇಳಿ. ಕಾಸು ಕಡಿಮೆ ಇದ್ದರೆ ಮೊದಲು ಚಿತ್ರೋತ್ಸವಕ್ಕೆ ಮಾತ್ರ ಹಕ್ಕು ಕೇಳಿ ನೋಡಿ.

ಯೂಟ್ಯೂಬ್‌ಗೆ ಹಾಕಿದವರೇ ಮಾಲೀಕರು ಅಂದುಕೊಳ್ಳಬೇಡಿ. ಮದುವೆ ವಿಡಿಯೊದಲ್ಲೂ ಅಷ್ಟೇ. ಬೇರೆ ಒಪ್ಪಂದ ಇಲ್ಲದಿದ್ದರೆ, 1957ರ ಕಾಪಿರೈಟ್ ಕಾಯ್ದೆ ಪ್ರಕಾರ ಅದರ ಮೊದಲ ಹಕ್ಕುದಾರರು ದುಡ್ಡು ಕೊಟ್ಟು ಮಾಡಿಸಿದವರು, ಸ್ಟುಡಿಯೊದವರಲ್ಲ. ಹಾಗಾಗಿ ಕ್ಯಾಸೆಟ್ ಕೈಗೆ ಬಂದ ದಿನವೇ ಮನೆಯವರಿಂದ ಒಪ್ಪಿಗೆ ಪತ್ರಕ್ಕೆ ಸಹಿ ಹಾಕಿಸಿಕೊಳ್ಳಿ. ಎಡಿಟ್ ಮುಗಿಸಿ ಹೋಗುವ ಹೊತ್ತಿಗೆ ಅವರು ಮತ್ತೆ ದುಬೈ ವಿಮಾನ ಹತ್ತಿರುತ್ತಾರೆ.