ನಡೆದರೆ ಜೋಮು, ಕೂತರೆ ಆರಾಮ: ಬೆನ್ನೊಳಗಿನ ಹಳದಿ ಪಟ್ಟಿ ದಪ್ಪವಾದರೆ ಏನು ಮಾಡಬೇಕು?

ಶಿರಸಿ ಹತ್ತಿರದ ನಮ್ಮ ಮಾವನ ಊರಲ್ಲಿ ಮನೆ ಮೇಲೆ, ಅಡಿಕೆ ತೋಟ ಕೆಳಗೆ. ದರೆ ಕಡಿದು ಮಾಡಿದ ಮೆಟ್ಟಿಲು ಇಳಿದೇ ಹೋಗಬೇಕು. ಎಪ್ಪತ್ತು ದಾಟಿದ ಮಾವ ಮೆಟ್ಟುಗತ್ತಿ ಮುಂದೆ ಬಗ್ಗಿ ಕೂತರೆ ತಾಸುಗಟ್ಟಲೆ ಅಡಿಕೆ ಸುಲಿಯುತ್ತಾರೆ, ಏನೂ ತೊಂದರೆ ಇಲ್ಲ. ಆದರೆ ತೋಟಕ್ಕೆ ಹೊರಟರೆ ಅರ್ಧ ದಾರಿಗೇ ಎರಡೂ ಕಾಲು ಜೋಮು, ಮೀನಖಂಡದಲ್ಲಿ ಸೆಳೆತ. ವಿಚಿತ್ರ ಅಂದರೆ ವಾಪಸ್ ಹತ್ತುವಾಗ ಅಷ್ಟಿಲ್ಲ. "ಕುಂತ್ರೆ ಎಂತದೂ ಇಲ್ಲೆ ತಮಾ, ನಡದ್ರೆ ಮಾತ್ರ ಜೋಮು ಹಿಡಿತು" ಅಂದಾಗ ನಾವೆಲ್ಲ ಕೆಲಸಗಳ್ಳತನ ಅಂತ ನಕ್ಕಿದ್ದೆವು. ಒಂದು ವರ್ಷ ಮಂಡಿಗೆ ಬೆಲ್ಟು, ಎಣ್ಣೆ, ವಿಟಮಿನ್ ಇಂಜೆಕ್ಷನ್ ಎಲ್ಲ ಆಯಿತು. ತೊಂದರೆ ಇದ್ದದ್ದು ಮಂಡಿಯಲ್ಲಲ್ಲ, ಸೊಂಟದಲ್ಲಿ.

ಮೊದಲು, ಒಂದು ಸೈಕಲ್ ಟ್ಯೂಬ್ ತಗೊಳ್ಳಿ

ಬೆನ್ನೆಲುಬಿನೊಳಗೆ ನರಗಳು ಹೋಗುವ ಒಂದು ಕೊಳವೆ ಇದೆ. ಅದರ ಹಿಂದಿನ ಗೋಡೆಯಲ್ಲಿ, ಒಂದು ಮೂಳೆಗೂ ಮುಂದಿನ ಮೂಳೆಗೂ ನಡುವೆ, ಹಳದಿ ಬಣ್ಣದ ಪಟ್ಟಿಗಳಿವೆ. ಡಾಕ್ಟರ್ ಭಾಷೆಯಲ್ಲಿ ಲಿಗಮೆಂಟಮ್ ಫ್ಲೇವಮ್. ಫ್ಲೇವಮ್ ಅಂದರೆ ಲ್ಯಾಟಿನ್‌ನಲ್ಲಿ ಹಳದಿ, ಅಷ್ಟೇ. ಅದರಲ್ಲಿ ನೂರಕ್ಕೆ ಸುಮಾರು 80 ಭಾಗ ಎಲಾಸ್ಟಿನ್, ಅಂದರೆ ರಬ್ಬರಿನಂತೆ ಎಳೆದುಕೊಳ್ಳುವ ನಾರು.

ಈಗ ಹಳೇ ಸೈಕಲ್ ಟ್ಯೂಬಿನ ಒಂದು ತುಂಡನ್ನು ಎರಡೂ ಕೈಯಲ್ಲಿ ಎಳೆದು ಹಿಡಿಯಿರಿ. ತೆಳ್ಳಗೆ, ನೇರವಾಗಿ ನಿಲ್ಲುತ್ತದೆ. ಕೈಗಳನ್ನು ಹತ್ತಿರ ತನ್ನಿ, ನಡುವೆ ಮಡಚಿ ಉಬ್ಬಿತು ನೋಡಿ. ವಯಸ್ಸಾದಂತೆ ಮೂಳೆಗಳ ನಡುವಿನ ಮೆತ್ತೆ, ಅಂದರೆ ಡಿಸ್ಕ್, ಸವೆದು ಮೂಳೆಗಳು ಹತ್ತಿರ ಬಂದಾಗ ಆಗುವುದೂ ಇದೇ: ಪಟ್ಟಿ ಒಳಕ್ಕೆ, ನರಗಳ ಮೇಲೆ ಉಬ್ಬುತ್ತದೆ. ಅದರ ಜೊತೆ ಎಲಾಸ್ಟಿನ್ ಕಡಿಮೆಯಾಗಿ ಗಟ್ಟಿ ನಾರು ಸೇರಿಕೊಂಡು ಪಟ್ಟಿಯೇ ದಪ್ಪವಾಗುತ್ತದೆ. ಸೊಂಟದ ಹತ್ತಿರ 4 ಮಿಲಿಮೀಟರಿಗಿಂತ ಜಾಸ್ತಿಯಾದರೆ ದಪ್ಪ ಅನ್ನುವುದು ವಾಡಿಕೆ. ಎಲ್‌4-ಎಲ್‌5 ಅನ್ನುವ, ಅಂದರೆ ಸೊಂಟದ ನಾಲ್ಕನೇ, ಐದನೇ ಮೂಳೆಗಳ ನಡುವಿನ ಜಾಗದಲ್ಲೇ ಇದು ಹೆಚ್ಚು.

ಮಾವನ ಒಗಟೂ ಇಲ್ಲೇ ಬಿಡಿಸಿತು. ನೆಟ್ಟಗೆ ನಿಂತಾಗ, ಇಳಿಯುವಾಗ ಮೈ ಹಿಂದಕ್ಕೆ ವಾಲಿದಾಗ ಪಟ್ಟಿ ಮಡಚುತ್ತದೆ, ನರ ಸಿಕ್ಕಿಕೊಳ್ಳುತ್ತದೆ. ಹತ್ತುವಾಗ, ಅಡಿಕೆ ಸುಲಿಯುವಾಗ ಬಗ್ಗಿರುತ್ತೇವೆ, ಪಟ್ಟಿ ಎಳೆದುಕೊಂಡು ಕೊಳವೆ ಅಗಲವಾಗುತ್ತದೆ. ಕಾರವಾರದ ರವಿವಾರದ ಸಂತೆಗೆ ಸೈಕಲ್ ತುಳಿದುಕೊಂಡು ಆರಾಮಾಗಿ ಬಂದು, ಸಂತೆಯೊಳಗೆ ನಾಲ್ಕು ಅಂಗಡಿ ದಾಟುವಷ್ಟರಲ್ಲಿ ಕೂರಲು ಜಾಗ ಹುಡುಕುವ ಅಜ್ಜಂದಿರನ್ನು ನೋಡಿಲ್ವಾ? ಅದೂ ಇದೇ ಇರಬಹುದು.

ಆಮೇಲೆ ಒಂದು ವಾರ ಬರೆದಿಡಿ

ಎಷ್ಟು ಲೈಟ್ ಕಂಬ ನಡೆದ ಮೇಲೆ ಜೋಮು ಬಂತು? ಸುಮ್ನೆ ನಿಂತರೆ ಹೋಯಿತಾ, ಕೂರಲೇಬೇಕಾಯಿತಾ? ಇದು ದೊಡ್ಡ ಪ್ರಶ್ನೆ. ನಿಂತರೇ ಸಾಕು, ನೋವು ಇಳಿಯುತ್ತದೆ ಅಂದರೆ ಕಾಲಿನ ರಕ್ತನಾಳ ಕಟ್ಟಿರಬಹುದು, ಬೀಡಿ-ಸಿಗರೇಟು ಸೇದುವವರಲ್ಲಿ, ಶುಗರ್ ಇರುವವರಲ್ಲಿ ಅದು ಜಾಸ್ತಿ. ಕೂರಬೇಕು ಇಲ್ಲವೇ ಬಗ್ಗಬೇಕು ಅಂದರೆ ಬೆನ್ನಿನ ಕಡೆ ನೋಡಬೇಕು. ಕೆಲವರಿಗೆ ಎರಡೂ ಇರುತ್ತದೆ, ಅದಕ್ಕೆ ಪಾದದ ನಾಡಿಯನ್ನೂ ನೋಡಿ ಅಂತ ಡಾಕ್ಟರಿಗೆ ಹೇಳಿ.

ಒಂದು ವಿಷಯಕ್ಕೆ ಮಾತ್ರ ವಾರ ಕಾಯಬೇಡಿ. ಮೂತ್ರ ಕಟ್ಟಿಕೊಂಡರೆ, ಮೂತ್ರ-ಮಲ ಹಿಡಿತ ತಪ್ಪಿದರೆ, ತೊಡೆಸಂದಿಯಲ್ಲಿ, ಕೂರುವ ಜಾಗದಲ್ಲಿ ಸ್ಪರ್ಶ ಗೊತ್ತಾಗದಿದ್ದರೆ, ಪಾದ ಎತ್ತಲಾಗದೆ ಚಪ್ಪಲಿ ಜಾರುತ್ತಿದ್ದರೆ, ಅದೇ ದಿನ ಆಸ್ಪತ್ರೆಗೆ ಹೋಗಿ. ರಾತ್ರಿಯಾದರೂ ಸರಿ.

ಡಾಕ್ಟರ್ ಹತ್ತಿರ ಹೋದಾಗ

ಇಲ್ಲೇ ಎಲ್ಲರೂ ಎಡವುವುದು. ನಮ್ಮ ಜಿಲ್ಲೆಯವರಿಗೆ ದೊಡ್ಡ ಆಸ್ಪತ್ರೆ ಅಂದರೆ ಹುಬ್ಬಳ್ಳಿ, ಮಣಿಪಾಲ, ಮಂಗಳೂರು, ಇಲ್ಲವೇ ಗೋವಾ. ಮೂರ್ನಾಲ್ಕು ತಾಸು ಬಸ್ಸಿನಲ್ಲಿ ಕೂತು ಹೋಗುತ್ತೇವೆ, ಅಲ್ಲಿ ಬೆಂಚಿನ ಮೇಲೆ ಮತ್ತೆ ಕೂರುತ್ತೇವೆ, ಒಳಗೆ ಕರೆದು ಮಲಗಿಸಿ ನೋಡುವಾಗ ಕಾಲು ಎಷ್ಟು ಚೆನ್ನಾಗಿರುತ್ತದೆ ಅಂದರೆ ನಮಗೇ ನಾಚಿಕೆ! ಎಂಆರ್‌ಐ ಕೂಡ ಮಲಗಿಸಿಯೇ ತೆಗೆಯುವುದು, ಆಗ ಪಟ್ಟಿ ಅಷ್ಟು ಮಡಚಿರುವುದಿಲ್ಲ. ಆದ್ದರಿಂದ ಒಳಗೆ ಹೋಗುವ ಮೊದಲು ಕಾರಿಡಾರಿನಲ್ಲಿ ಜೋಮು ಬರುವ ತನಕ ನಡೆಯಿರಿ, ಆಮೇಲೆ ತೋರಿಸಿ. ಬರೆದಿಟ್ಟ ಚೀಟಿ ಕೊಡಿ. ರಿಪೋರ್ಟ್ ಜೊತೆ ಫಿಲ್ಮೂ ಇರಲಿ.

ರಿಪೋರ್ಟಿನಲ್ಲಿ 'ಹೈಪರ್‌ಟ್ರೋಫಿ', 'ಸ್ಟೆನೋಸಿಸ್' ಅಂತ ಕಂಡ ಕೂಡಲೇ ಹೆದರಬೇಡಿ. ಮೊದಲನೆಯದು ದಪ್ಪವಾಗಿದೆ ಅಂತ, ಎರಡನೆಯದು ಕೊಳವೆ ಕಿರಿದಾಗಿದೆ ಅಂತ. ಇವೆರಡೂ ಇದ್ದು ಒಂದು ದಿನವೂ ಕಾಲು ನೋಯದ ಹಿರಿಯರು ಬೇಕಾದಷ್ಟಿದ್ದಾರೆ. ಫಿಲ್ಮಿಗೂ ನಿಮ್ಮ ನಡಿಗೆಗೂ ತಾಳೆಯಾಗಬೇಕು. ಡಚ್ ಸರ್ಜನ್ ಹೆಂಕ್ ವೆರ್ಬೀಸ್ಟ್ 1954ರಲ್ಲಿ ಈ ಕಾಯಿಲೆ ಬಗ್ಗೆ ಬರೆದಾಗ ಎಂಆರ್‌ಐ ಎಲ್ಲಿತ್ತು?

ಮನೆಯಲ್ಲಿ

ಬೆನ್ನುನೋವು ಅಂದರೆ ಸಾಕು, ವಾಟ್ಸಾಪಿನಲ್ಲಿ ಭುಜಂಗಾಸನ ಬರುತ್ತದೆ. ಈ ತೊಂದರೆಗೆ ಬೆನ್ನು ಹಿಂದಕ್ಕೆ ಬಾಗಿಸುವುದು ಸಾಮಾನ್ಯವಾಗಿ ಉಲ್ಟಾ ಹೊಡೆಯುತ್ತದೆ. ಮಲಗಿ ಮಂಡಿಯನ್ನು ಎದೆಗೆ ತರುವುದು, ಹೊಟ್ಟೆಯ ಸ್ನಾಯು ಗಟ್ಟಿ ಮಾಡುವುದು, ಸೈಕಲ್ ತುಳಿಯುವುದು ಹೆಚ್ಚಿನವರಿಗೆ ಹಿಡಿಸುತ್ತದೆ, ಆದರೆ ಫಿಸಿಯೋಥೆರಪಿಸ್ಟ್ ಒಮ್ಮೆ ನೋಡಿಯೇ ಶುರು ಮಾಡಿ. ನಡಿಗೆ ಬಿಡಬೇಡಿ, ತುಂಡು ಮಾಡಿ: ನಾಲ್ಕು ಕಂಬ, ಕೂತುಕೊಳ್ಳಿ, ಮತ್ತೆ ನಾಲ್ಕು ಕಂಬ. ನೋವಿನ ಮಾತ್ರೆ ನೀವೇ ತಿಂಗಳುಗಟ್ಟಲೆ ನುಂಗಬೇಡಿ, ಹೊಟ್ಟೆ, ಕಿಡ್ನಿ ಎರಡಕ್ಕೂ ಪೆಟ್ಟು. ಬೆನ್ನಿಗೆ ಕೊಡುವ ಸ್ಟೀರಾಯ್ಡ್ ಇಂಜೆಕ್ಷನ್ನಿನಿಂದ ಕೆಲವರಿಗೆ ಸ್ವಲ್ಪ ಕಾಲ ಆರಾಮ ಸಿಗುತ್ತದೆ, ಶುಗರ್ ಇದ್ದರೆ ಮೊದಲೇ ಹೇಳಿ, ಅದು ಏರುತ್ತದೆ.

ಇದೆಲ್ಲ ಆಗಿಯೂ ನಡಿಗೆ ಕುಗ್ಗುತ್ತಲೇ ಹೋದರೆ ಆಪರೇಷನ್ ಮಾತು ಬರುತ್ತದೆ. ಹಿಂದಿನ ಮೂಳೆಯ ಒಂದಿಷ್ಟು ಭಾಗ, ದಪ್ಪವಾದ ಪಟ್ಟಿ ತೆಗೆದು ನರಕ್ಕೆ ಜಾಗ ಮಾಡುತ್ತಾರೆ. ಕಾಲಿನ ಜೋಮು, ಸೆಳೆತಕ್ಕೆ ಇದು ಒಳ್ಳೆಯದು, ಬರೀ ಸೊಂಟನೋವಿಗೆ ಅಷ್ಟು ಭರವಸೆ ಇಡಬೇಡಿ. "ಸ್ಕ್ರೂ ಹಾಕುತ್ತೀರಾ, ಯಾಕೆ?" ಅಂತ ಕೇಳಲು ಸಂಕೋಚ ಬೇಡ. ಮೂಳೆ ಜಾರಿಲ್ಲದಿದ್ದರೆ ಎಷ್ಟೋ ಸಲ ಅದು ಬೇಕಾಗುವುದಿಲ್ಲ.

ಮಾವ ಸದ್ಯ ಆಪರೇಷನ್ ಬೇಡ ಅಂದಿದ್ದಾರೆ. ಡಾಕ್ಟರೂ ಕಾಯೋಣ ಅಂದರು. ದರೆಯ ಅರ್ಧದಲ್ಲಿ ಒಂದು ಕಲ್ಲು ಹಾಸಿಸಿಕೊಂಡಿದ್ದಾರೆ. ಇಳಿಯುವಾಗ ಅಲ್ಲಿ ಕೂತು ಒಂದು ಎಲೆ-ಅಡಿಕೆ ಕವಳ ಹಾಕುತ್ತಾರೆ, ಜೋಮು ಬಿಟ್ಟ ಮೇಲೆ ಕೋಲೂರಿಕೊಂಡು ತೋಟಕ್ಕೆ ಹೋಗುತ್ತಾರೆ.