ಬ್ಲ್ಯಾಕ್ ಸಬತ್‌ನ ಓಝಿಯನ್ನು ಯಾವ ಕ್ರಮದಲ್ಲಿ ಕೇಳಬೇಕು?

ಬ್ಲ್ಯಾಕ್ ಸಬತ್ ಎಂಬ ರಾಕ್ ಬ್ಯಾಂಡ್‌ನ ಗಾಯಕ ಓಝಿ ಆಸ್ಬರ್ನ್ ಅಂದ ಕೂಡಲೇ ಎಲ್ಲರಿಗೂ ಅವರು ಬಾವಲಿಯನ್ನು ಕಚ್ಚಿದ ಕಥೆ ನೆನಪಾಗುತ್ತದೆ. ಅದು ನಡೆದದ್ದು 1982ರಲ್ಲಿ, ಬ್ಯಾಂಡ್‌ನಿಂದ ಹೊರಬಿದ್ದ ಮೇಲೆ. ಅದನ್ನು ಪಕ್ಕಕ್ಕಿಡಿ. ಹೆವಿ ಮೆಟಲ್ ಎಂಬ ಭಾರವಾದ ರಾಕ್ ಶೈಲಿ ಹುಟ್ಟಿದ್ದು ಅದಕ್ಕೂ ಮುಂಚೆ, ಬರ್ಮಿಂಗ್‌ಹ್ಯಾಮ್‌ನ ಆಸ್ಟನ್ ಎಂಬ ಕಾರ್ಮಿಕರ ಬಡಾವಣೆಯ ನಾಲ್ಕು ಹುಡುಗರಿಂದ. ಓಝಿ ಬ್ಯಾಂಡ್‌ನಲ್ಲಿದ್ದ ಆ ಹತ್ತು ವರ್ಷಗಳನ್ನು ಕೇಳಬೇಕು, ಸಾಧ್ಯವಾದರೆ ಹೆಡ್‌ಫೋನ್ ಹಾಕಿಕೊಂಡು.

1970ರಲ್ಲಿ ಎರಡು ಆಲ್ಬಮ್ ಬಂದವು. ಎರಡನೆಯದಾದ 'ಪ್ಯಾರನಾಯ್ಡ್'ನಿಂದ ಶುರು ಮಾಡಿ. ಮೊದಲು 'ವಾರ್ ಪಿಗ್ಸ್'. ಆರಂಭದ ವಾದನ ಮುಗಿದ ಮೇಲೆ ಗಿಟಾರ್ ಎರಡು ಏಟು ಹಾಕಿ ಸುಮ್ಮನಾಗುತ್ತದೆ, ಡ್ರಮ್ಸ್ ವಾದಕ ಬಿಲ್ ವಾರ್ಡ್ ಹೈ-ಹ್ಯಾಟ್ (ಡ್ರಮ್ಸ್‌ನ ಜೋಡಿ ತಾಳ) ಮೇಲೆ ಬರೀ ತಾಳ ಹಿಡಿದಿರುತ್ತಾರೆ, ಆ ಖಾಲಿ ಜಾಗದಲ್ಲಿ ಓಝಿ ದನಿ ಒಂದೇ ನಿಲ್ಲುತ್ತದೆ. ಯಾವ ಅಲಂಕಾರವೂ ಇಲ್ಲ. ಆಮೇಲೆ 'ಐರನ್ ಮ್ಯಾನ್'. ನಮ್ಮ ಕಚೇರಿಗಳಲ್ಲಿ ಪಿಟೀಲು ಹಾಡುಗಾರರನ್ನು ಹಿಂಬಾಲಿಸುತ್ತದೆ ಅಲ್ವಾ, ಇಲ್ಲಿ ಉಲ್ಟಾ: ಗಿಟಾರ್ ವಾದಕ ಟೋನಿ ಅಯೋಮಿಯ ರಿಫ್ (ಮತ್ತೆ ಮತ್ತೆ ಬರುವ ಗಿಟಾರ್ ಸ್ವರಗುಚ್ಛ) ಹೋದ ಕಡೆಗೇ ದನಿಯೂ ಹೋಗುತ್ತದೆ. ಇದು ಓಝಿಯ ಮಿತಿ ಅನ್ನುವವರಿದ್ದಾರೆ. ನಾನು ಒಪ್ಪುವುದಿಲ್ಲ. ರಿಫ್ಫೇ ಹಾಡು ಅಂತ ಜನಕ್ಕೆ ಮನವರಿಕೆ ಮಾಡಿದ್ದು ಆ ದನಿ. ಸಾಹಿತ್ಯ ಹೆಚ್ಚಾಗಿ ಬಾಸ್ ನುಡಿಸುತ್ತಿದ್ದ ಗೀಝರ್ ಬಟ್ಲರ್ ಅವರದ್ದು, ಹಾಗಾಗಿ ಓಝಿ ಏನು ಹೇಳುತ್ತಾರೆ ಅನ್ನೋದಕ್ಕಿಂತ ಹೇಗೆ ಹೇಳುತ್ತಾರೆ ಅನ್ನೋದನ್ನು ಗಮನಿಸಿ.

ಮುಂದೆ 1971ರ 'ಮಾಸ್ಟರ್ ಆಫ್ ರಿಯಾಲಿಟಿ'. ಅಯೋಮಿ ಹದಿಹರೆಯದಲ್ಲೇ ಕಾರ್ಖಾನೆಯ ಯಂತ್ರಕ್ಕೆ ಸಿಕ್ಕಿ ಬಲಗೈಯ ಎರಡು ಬೆರಳ ತುದಿ ಕಳೆದುಕೊಂಡಿದ್ದರು. ಎಡಗೈ ವಾದಕರಾದ್ದರಿಂದ ತಂತಿ ಒತ್ತುವುದು ಆ ಕೈಯಲ್ಲೇ. ತಂತಿ ಸಡಿಲವಾಗಲಿ ಅಂತ ಇಲ್ಲಿ ಹಲವು ಹಾಡುಗಳಿಗೆ ಶ್ರುತಿ ಇಳಿಸಿದ್ದಾರೆ. ಗಿಟಾರ್ ಕೆಳಗೆ ಹೋದಷ್ಟೂ ಓಝಿ ಮೇಲೆ ಉಳಿಯುತ್ತಾರೆ. ಸಬತ್‌ನ ಭಯವೆಲ್ಲ ಆ ಅಂತರದಲ್ಲಿದೆ ಅಂತ ನನಗನ್ನಿಸುತ್ತದೆ.

1972ರ 'ಚೇಂಜಸ್' ಹಾಡೊಂದನ್ನು ಬಿಡಬೇಡಿ. ಪಿಯಾನೊ ಇದೆ, ರಿಫ್ ಇಲ್ಲ, ದನಿಗೆ ಅಡಗಿಕೊಳ್ಳಲು ಜಾಗವೇ ಇಲ್ಲ. 1975ರ 'ಸ್ಯಾಬೋಟಾಜ್' ಬರುವ ಹೊತ್ತಿಗೆ ತುಂಬಾ ಮೇಲಿನ ಸ್ಥಾಯಿಯಲ್ಲಿ ಹಾಡುತ್ತಿರುತ್ತಾರೆ. ಗಂಟಲಿನ ಮೇಲಿನ ಒತ್ತಡ ಕೇಳಿಸುತ್ತದೆ, ಅದೇ ಅದರ ಸೊಗಸು. 1976 ಮತ್ತು 1978ರ ಆಲ್ಬಮ್‌ಗಳಿಗೆ ಅವಸರ ಇಲ್ಲ. ಬ್ಯಾಂಡ್ ಸುಸ್ತಾಗಿತ್ತು.

1979ರಲ್ಲಿ ಓಝಿಯನ್ನು ತೆಗೆದುಹಾಕಿದರು. ಇಲ್ಲಿ ನಿಲ್ಲಿಸದೆ 1980ರ 'ಹೆವನ್ ಆ್ಯಂಡ್ ಹೆಲ್' ಕೇಳಿ. ಓಝಿಯ ಜಾಗಕ್ಕೆ ಬಂದ ರಾನಿ ಜೇಮ್ಸ್ ಡಿಯೊ ತಂತ್ರದಲ್ಲಿ ಓಝಿಗಿಂತ ಜಾಸ್ತಿ ಪಳಗಿದ ಗಾಯಕ, ರಿಫ್ ಬಿಟ್ಟು ಸ್ವತಂತ್ರವಾಗಿ ಓಡಾಡುತ್ತಾರೆ. ಇದಾದ ತಕ್ಷಣ 'ಐರನ್ ಮ್ಯಾನ್' ಮತ್ತೆ ಹಾಕಿದರೆ ಓಝಿ ಮಾಡಿದ್ದೇನು ಅಂತ ತಾನಾಗಿ ಗೊತ್ತಾಗುತ್ತದೆ.

ಓಝಿ ಬ್ಯಾಂಡ್‌ಗೆ ಮರಳಿ ಹಾಡಿದ 2013ರ '13' ಆಲ್ಬಮ್ ಆದ ಮೇಲೆ, 2025ರ ಜುಲೈ 5ರಂದು ಆಸ್ಟನ್‌ನ ವಿಲ್ಲಾ ಪಾರ್ಕ್‌ನಲ್ಲಿ ನಡೆದ ವಿದಾಯದ ಕಛೇರಿ ನೋಡಿ. ಪಾರ್ಕಿನ್ಸನ್ಸ್ ಕಾಯಿಲೆಯಿಂದ ನಿಲ್ಲಲಾಗದೆ ಓಝಿ ಕೂತೇ ಹಾಡಿದರು, ಜುಲೈ 22ರಂದು ತೀರಿಕೊಂಡರು. ದಯವಿಟ್ಟು ಇದನ್ನು ಮೊದಲೇ ನೋಡಬೇಡಿ. 1970ರ ದನಿ ಕಿವಿಯಲ್ಲಿ ಚೆನ್ನಾಗಿ ಕೂತ ಮೇಲಷ್ಟೇ ನೋಡಿ.